ತ್ರಾಸಿಯ ನಾಯಕಿಗೆ ಬೇಕಾದ ಜಗಳ

ತ್ರಾಸಿಯ ಹೆದ್ದಾರಿ ಪಕ್ಕದಲ್ಲಿ ಮೀನು ಮಾರುವ ಚೇತನಾ ಧಾರಾವಾಹಿಗಳ ಮಹಾಪಂಡಿತೆ. ಕಥಾನಾಯಕ ಮೊದಲು ಜಗಳವಾಡಬೇಕು, ಪ್ರೀತಿ ಆಮೇಲೆ ಎಂಬುದೇ ಅವಳ ವೇದ. ರಿಕ್ಷಾ ಓಡಿಸುವ ನಿತೇಶನೋ, ಅವಳು ಕೊಟ್ಟ ಮೀನನ್ನು ಪ್ರಸಾದದಂತೆ ಒಯ್ಯುವವನು. ಮದುವೆಯಾಗುತ್ತೀಯಾ ಎಂದು ಅವನು ಕೇಳಿದಾಗ ಚೇತನಾ, "ಜಗ್ಳವೇ ಆಯ್ಲಿಲ್ಲ, ಮದಿ ಎಂತದಾ?" ಎಂದು ಓಡಿಸಿದ್ದಳು.

ಮರುದಿನ ನಿತೇಶ ರಣರಂಗಕ್ಕಿಳಿದ. ಮೀನಿನ ಸಾಲಿಡೀ ಕೇಳುವಂತೆ ಗರ್ಜಿಸಿದ: "ಹ್ವಾಯ್, ಈ ಬಂಗ್ಡಿ ನಿನ್ನೆದಲ್ದಾ?"

ಆಗಷ್ಟೇ ದೋಣಿಯಿಂದ ಇಳಿದ ಮೀನು! ಮೀನು ಮಾರುವವರಿಗೆ ಅದಕ್ಕಿಂತ ದೊಡ್ಡ ಬೈಗುಳವಿಲ್ಲ. ಮೀನು ತಾಜಾ ಎಂದು ತೋರಿಸಲು ಚೇತನಾ ಬಂಗುಡೆಯ ಕಿವಿರು ಬಿಡಿಸಿ ಅವನ ಮೂಗಿಗೇ ಹಿಡಿದಳು. "ಕಣ್ಣ್ ಕಾಂತಿಲ್ಯಾ ನಿಂಗೆ? ಕೆಂಪ್ ಕಾಣ್!"

"ಕಂಡೆ," ಎಂದ ನಿತೇಶ. "ಈಗ ಜಗ್ಳ ಆಯ್ತಲ್ದಾ?"

ಚೇತನಾ ನಕ್ಕುಬಿಟ್ಟಳು. "ನಾಳೆ ಅಬ್ಬಿ ಹತ್ರ ಹೆಣ್ಣ್ ಕೇಳೂಕ್ ಬಾ," ಎಂದು ತನ್ನ ತಾಯಿಯ ಬಳಿಗೆ ಕರೆದಳು. "ಮೀನಿನ ಸುದ್ದಿ ಮಾತ್ರ ಎತ್ಬೇಡ!"