ಹನ್ನೊಂದನೇ ದಿನದ ರೈಲು

ಸೇನೆಯ ಸಾಗಣೆ ಕಚೇರಿಯಲ್ಲಿ ಎಲ್ಲರೂ ಅವರನ್ನು ಗಾಡಿ ಮೇಷ್ಟ್ರು ಎನ್ನುತ್ತಿದ್ದರು. ಇಪ್ಪತ್ತೆಂಟು ವರ್ಷದಿಂದ ಒಂದೇ ಮೇಜು, ಒಂದೇ ಕೆಲಸ. ಯುದ್ಧವಾದರೆ ಯಾವ ದಳ ಯಾವ ರೈಲಿನಲ್ಲಿ ಎಲ್ಲಿಗೆ ಹೋಗಬೇಕೆಂದು ಬರೆದಿಡುವುದು. ಯುದ್ಧವಂತೂ ಬರಲಿಲ್ಲ; ಮೇಷ್ಟ್ರ ರೈಲುಗಳು ಕಾಗದದ ಮೇಲೆ ಒಂದು ನಿಮಿಷವೂ ತಡವಾಗಲಿಲ್ಲ. ಅವರು ಬಸ್ಸು ತಪ್ಪಿಸಿಕೊಂಡು ನಡೆದು ಬಂದ ದಿನ ಹೆಂಡತಿ, "ದೇಶಕ್ಕೆಲ್ಲ ಗಾಡಿ ಹೊಂದಿಸ್ತೀರಿ, ನಿಮಗೊಂದು ಬಸ್ಸು ಸಿಗಲಿಲ್ವಾ?" ಎಂದು ಛೇಡಿಸುತ್ತಿದ್ದರು.

ಆ ವರ್ಷ ಮೇಲಿನಿಂದ ಹೊಸ ಪ್ರಶ್ನೆ ಬಂತು. ಪೂರ್ವ, ಪಶ್ಚಿಮ ಎರಡೂ ಗಡಿಯಲ್ಲಿ ಒಟ್ಟಿಗೇ ಯುದ್ಧವಾದರೆ? ಇರುವ ಸೈನ್ಯ ಮೊದಲು ಪಶ್ಚಿಮಕ್ಕೆ ಹೋಗಿ, ಗೆದ್ದು, ಆಮೇಲೆ ಪೂರ್ವಕ್ಕೆ ತಿರುಗಬೇಕು. ಅಲ್ಲಿಯವರೆಗೆ ಪೂರ್ವದ ಕಾವಲುಪಡೆ ತನಗೆ ತಾನೇ ಗತಿ. ಮೇಷ್ಟ್ರು ಮೂರು ಸಲ ಲೆಕ್ಕ ಹಾಕಿದರು. ಮೊದಲ ರೈಲು ಪೂರ್ವ ಮುಟ್ಟುವುದು ಹನ್ನೊಂದನೇ ದಿನ. ಅಲ್ಲಿದ್ದ ಮದ್ದುಗುಂಡು ಏಳು ದಿನಕ್ಕೆ ಮಾತ್ರ.

"ಸಾರ್, ನಡುವಿನ ನಾಲ್ಕು ದಿನ..." ಎಂದರು.

ಕರ್ನಲ್ ಕಡತದಿಂದ ತಲೆ ಎತ್ತಲಿಲ್ಲ. "ಗೊತ್ತು ಮೇಷ್ಟ್ರೇ. ಎರಡು ದೋಣಿ ಮೇಲೆ ಕಾಲಿಡೋಕಾಗುತ್ತಾ? ಹಾಗೇ ಬರೀರಿ."

ಭಾನುವಾರ ಮಗಳು ಬಂದಳು. ಅಳಿಯ ಸೈನಿಕ, ಯಾವ ಗಡಿಗೆ ವರ್ಗ ಬೇಕೆಂದು ಅವನು ಮರುದಿನ ಬರೆದುಕೊಡಬೇಕಿತ್ತು.

"ಪೂರ್ವದಲ್ಲಿ ಏನೂ ಗಲಾಟೆ ಇಲ್ವಂತಪ್ಪ. ಮನೇನೂ ಕೊಡ್ತಾರಂತೆ, ನಾನೂ ಮಗೂನೂ ಜೊತೇಲೇ ಇರಬಹುದು. ಏನಂತೀಯಾ?"

ಮೇಷ್ಟ್ರು ಬೇಡ ಎಂದರೆ ಸಾಕಿತ್ತು. ಆದರೆ ಯಾಕೆ ಎಂದು ಕೇಳದೆ ಬಿಡುವವಳಲ್ಲ ಅವಳು, ಕೇಳಿದ್ದನ್ನು ಹೊಟ್ಟೆಯಲ್ಲಿಟ್ಟುಕೊಳ್ಳುವವಳೂ ಅಲ್ಲ. ಗುಟ್ಟು ಕಾಯುತ್ತೇನೆಂದು ಸಹಿ ಹಾಕಿದವರು ಅವರು. ತಮ್ಮ ಅಳಿಯ ಹೋಗದಿದ್ದರೆ ಇನ್ನೊಬ್ಬರ ಅಳಿಯ ಹೋಗುತ್ತಾನೆ. ಹಾಗೆಂದು ಸುಮ್ಮನಿದ್ದರೆ ತಾವೆಂಥ ತಂದೆ? ಅತ್ತ ದರಿ, ಇತ್ತ ಪುಲಿ.

"ನನಗೇನಮ್ಮ ಗೊತ್ತು? ರೈಲಿನ ಟೈಮು ಬರೆಯೋನು ನಾನು."

"ಬೇಡ ಅನ್ನಲಿಲ್ವಲ್ಲ, ಅಂದ್ರೆ ಅಪ್ಪನಿಗೆ ಒಪ್ಪಿಗೆ!" ಮಗಳು ನಕ್ಕು ಅಲ್ಲೇ ಗಂಡನಿಗೆ ಫೋನ್ ಮಾಡಿದಳು.

ಮೇಷ್ಟ್ರು ತಡೆಯಲಿಲ್ಲ. ಅದಕ್ಕಾಗಿ ತಮ್ಮನ್ನು ತಾವು ಕ್ಷಮಿಸಲೂ ಇಲ್ಲ. ಮರುದಿನದಿಂದ ಯಾರೂ ಕೇಳದಿದ್ದರೂ ಪಟ್ಟಿಯನ್ನು ಮತ್ತೆ ಮತ್ತೆ ತಿದ್ದತೊಡಗಿದರು. ಇಂಜಿನ್ ಬದಲಿಸುವ ಹೊತ್ತು ಇಳಿಸಿದರು, ಸರಕಿನ ಗಾಡಿಗಳನ್ನು ಪಕ್ಕದ ಹಳಿಗೆ ಸರಿಸಿದರು, ಸೈನಿಕರ ಊಟದ ನಿಲುಗಡೆಯನ್ನೂ ಮೊಟಕು ಮಾಡಿದರು. ಅವರು ನಿವೃತ್ತರಾಗುವಾಗ ಮೊಮ್ಮಗಳು ಪೂರ್ವದ ಗಡಿಯ ಶಾಲೆಯಲ್ಲಿ ಎರಡನೇ ತರಗತಿ. ಹನ್ನೊಂದು ದಿನ ಅಷ್ಟು ಹೊತ್ತಿಗೆ ಒಂಬತ್ತಕ್ಕೆ ಇಳಿದಿತ್ತು. ಏಳಕ್ಕೆ ಇಳಿಸಲು ಅವರಿಂದ ಆಗಲಿಲ್ಲ.