ಅಣ್ಣನೋ, ತಮ್ಮನೋ

ಬುಗುರಿ ಎಂಬ ಹೆಸರು ಅಮ್ಮ ಇಟ್ಟದ್ದು. ನಿಂತಲ್ಲಿ ನಿಲ್ಲದವಳು, ಕೂತಲ್ಲಿ ಕೂರದವಳು. ಶಾಲೆಯ ಗ್ರೂಪ್ ಫೋಟೋದಲ್ಲಿ ಎಲ್ಲರಿಗೂ ಮುಖವಿದೆ. ಅವಳಿದ್ದ ಜಾಗದಲ್ಲಿ ಮಾತ್ರ ಎರಡು ಜಡೆಯ ಒಂದು ಮಸುಕು. ಆ ಮಸುಕಿನ ತೋಳನ್ನು ಗಟ್ಟಿಯಾಗಿ ಹಿಡಿದುಕೊಂಡು ಕಂಬದ ಹಾಗೆ ನಿಂತಿರುವ ಹುಡುಗ ಅವಳ ಜೊತೆಯಲ್ಲೇ ಹುಟ್ಟಿದವನು. ಅವಳಿ ಮಕ್ಕಳು. ಅಲ್ಲಾಡದೆ ನಿಲ್ಲುವುದು ಅವನಿಗೆ ಎಷ್ಟು ಚೆನ್ನಾಗಿ ಬರುತ್ತಿತ್ತೆಂದರೆ, ಮುಂದೆ ಅವನು ಸೈನ್ಯ ಸೇರಿದಾಗ ಯಾರಿಗೂ ಆಶ್ಚರ್ಯವಾಗಲಿಲ್ಲ.

ಬುಗುರಿ ಸೇರಿದ್ದು ಸೀಲು ಮತ್ತು ನಾಮಫಲಕ ಮಾಡುವ ಅಂಗಡಿಗೆ. ಒಂದು ಹಳೆಯ ಕಟ್ಟಡದ ಮೆಟ್ಟಿಲ ಕೆಳಗಿನ ಸಂದಿಯೇ ಅಂಗಡಿ. ಮೇಲೆ ಯಾರಾದರೂ ಹತ್ತಿಳಿದರೆ ತಲೆಯ ಮೇಲೆ ನಡೆದ ಹಾಗೆ ಕೇಳಿಸುತ್ತದೆ. ಅಲ್ಲಿರುವ ಕೊರೆಯುವ ಯಂತ್ರದ ಒಂದು ತೋಳಿನ ಮೊಳೆಯನ್ನು ಮಾದರಿ ಅಕ್ಷರದ ಮೇಲೆ ಆಡಿಸಿದರೆ, ಇನ್ನೊಂದು ತೋಳು ಅದೇ ಅಕ್ಷರವನ್ನು ಹಿತ್ತಾಳೆ ತಗಡಿನ ಮೇಲೆ ಚಿಕ್ಕದಾಗಿ ಕೊರೆಯುತ್ತದೆ. ದಿನದಲ್ಲಿ ಅವಳ ಕೈ ಹೇಳಿದ ಮಾತು ಕೇಳುವುದು ಆ ಹೊತ್ತಿನಲ್ಲಿ ಮಾತ್ರ. ಬಾಗಿಲಿಗೆ ಹಾಕುವ ಒಂದು ಸಾಲಿಗಾಗಿ ಗಿರಾಕಿಗಳು ಗಂಟೆಗಟ್ಟಲೆ ಒದ್ದಾಡುವುದನ್ನು ನೋಡಿ ಅವಳಿಗೆ ನಗು. ಗಂಡನ ಹೆಸರು ಮೇಲಿರಬೇಕೋ ಹೆಂಡತಿಯದೋ ಎಂದು ದಂಪತಿ ಅಲ್ಲೇ ಜಗಳವಾಡಿಕೊಂಡು ಒಬ್ಬೊಬ್ಬರು ಒಂದೊಂದು ದಿಕ್ಕಿಗೆ ಹೋದದ್ದೂ ಉಂಟು. “ಮನೆ ಕಟ್ಟೋವಾಗಲೂ ಇಷ್ಟು ಯೋಚನೆ ಮಾಡಿರಲ್ಲ ಇವರು,” ಎನ್ನುತ್ತಿದ್ದಳು ಬುಗುರಿ, ಅವರ ಬೆನ್ನು ಮರೆಯಾದ ಮೇಲೆ.

ಈಗ ಒದ್ದಾಡುವ ಸರದಿ ಅವಳಿಗೇ ಬಂತು.

ಅವನು ಹೋಗಿ ವರ್ಷವಾಗುತ್ತ ಬಂದಿತ್ತು. ಕಡಲಾಚೆಯ ದೇಶವೊಂದರಲ್ಲಿ ಯಾರದೋ ಜಗಳ ಬಿಡಿಸಲು ಹೋಗಿದ್ದ ದಳ ಅವನದು. ಗುಂಡು ತಾಗಿ ಅಲ್ಲ, ಸೇತುವೆ ಕುಸಿದು ಲಾರಿ ಹೊಳೆಗೆ ಬಿದ್ದು ಸತ್ತ. ದಾರಿಗಳೆಲ್ಲ ಮುಚ್ಚಿದ್ದರಿಂದ ದೇಹವನ್ನು ತರಲಾಗಲಿಲ್ಲ. ಹಳೆಯ ಯುದ್ಧಗಳಲ್ಲಿ ಸತ್ತ ಸೈನಿಕರನ್ನು ಹೂತಿರುವ ಅಲ್ಲಿನ ಸ್ಮಶಾನದಲ್ಲೇ, ಕೊನೆಯ ಸಾಲಿನ ಅಂಚಿನಲ್ಲಿ, ಅವನನ್ನೂ ಮಣ್ಣು ಮಾಡಿದರು. ಅಮ್ಮನಿಗೂ ಮಗಳಿಗೂ ಸಿಕ್ಕಿದ್ದು ಒಂದು ಫೋಟೋ: ಹಸಿ ಮಣ್ಣು, ಮರದ ಫಲಕ, ಹಿಂದೆ ಶಾಲೆಯ ಮಕ್ಕಳ ಹಾಗೆ ಸಾಲಾಗಿ ನಿಂತ ಬಿಳಿ ಕಲ್ಲುಗಳು.

ಆಮೇಲೆ ಸೈನ್ಯದ ಕಚೇರಿಯಿಂದ ಫೋನು ಬಂತು. ಮರದ ಫಲಕ ತೆಗೆದು ಕಲ್ಲು ನಿಲ್ಲಿಸುತ್ತಾರಂತೆ. ಹೆಸರು, ದಳ, ತಾರೀಖು ಕಚೇರಿಯವರದು. ತೀರಾ ಕೆಳಗೆ ಒಂದು ಸಾಲು ಮನೆಯವರದು, ಮನೆಯ ಮಾತಿನಲ್ಲೇ, ಏನು ಬೇಕಾದರೂ.

“ತಿಂಗಳ ಕೊನೆಯೊಳಗೆ ಹೇಳಿಬಿಡಿ ಮೇಡಂ,” ಎಂದ ಗುಮಾಸ್ತ. “ಕೊರೆದ ಮೇಲೆ ಬದಲಾಯಿಸೋಕಾಗಲ್ಲ. ಕಲ್ಲು ನೋಡಿ.”

ಅಮ್ಮ ಕೈ ತೊಳೆದುಕೊಂಡಳು. “ಅಕ್ಷರದ ಅಂಗಡೀಲಿ ಇರೋಳು ನೀನು. ನನ್ನ ಹೊಟ್ಟೇಲೂ ಅವನ ಪಕ್ಕದಲ್ಲಿ ಇದ್ದೋಳು ನೀನೇ. ನೀನೇ ಏನಾದ್ರೂ ಬರೆಸು.”

ಬುಗುರಿಯನ್ನು ಕಾಡಿದ್ದು ಇಡೀ ಸಾಲಲ್ಲ, ಅದರ ಮೊದಲ ಪದ. ಅವನಿಗೆ ಏನು ಹೇಳಬೇಕಾದರೂ ಮೊದಲು ಅವನನ್ನು ಕೂಗಬೇಕು. ಏನೆಂದು ಕೂಗುವುದು? ಅಣ್ಣ ಎಂದೋ, ತಮ್ಮ ಎಂದೋ?

ಇದು ಇಂದು ನಿನ್ನೆಯ ತಕರಾರಲ್ಲ. ಒಂದೇ ಪದದಲ್ಲಿ ಅಣ್ಣತಮ್ಮಂದಿರಿಬ್ಬರನ್ನೂ ಮುಗಿಸುವ ಭಾಷೆಗಳಿವೆಯಂತೆ. ಅವರ ಮನೆಯ ಮಾತಿನಲ್ಲಿ ಹಾಗಲ್ಲ, ಒಬ್ಬರು ದೊಡ್ಡವರಾಗಲೇಬೇಕು. ಯಾರು ಮೊದಲು ಹುಟ್ಟಿದ್ದೆಂದು ಅಮ್ಮ ಮಾತ್ರ ಬಾಯಿಬಿಟ್ಟವಳಲ್ಲ. “ಕೈ ಕೈ ಹಿಡ್ಕೊಂಡು ಒಟ್ಟಿಗೇ ಬಂದ್ರಿ,” ಎಂದು ಹಾವೂ ಸಾಯದ ಹಾಗೆ, ಕೋಲೂ ಮುರಿಯದ ಹಾಗೆ ಸಾಗಹಾಕುತ್ತಿದ್ದಳು.

“ನಾನೇ ಮೊದಲು,” ಎಂದು ಬುಗುರಿ ಸಾಧಿಸಿದರೆ ಅವನು ಸುಲಭವಾಗಿ ಒಪ್ಪಿಕೊಳ್ಳುತ್ತಿದ್ದ. “ಮೊದಲೇ ಬಂದಿರು, ಯಾರು ಬೇಡ ಅಂದ್ರು? ಚೀಲಕ್ಕೆ ಮೊದಲು ಹಾಕಿದ್ದು ಕೊನೇಲಿ ಹೊರಗೆ ಬರೋದು. ಅಷ್ಟೂ ಗೊತ್ತಿಲ್ವಾ ತಂಗಿ?” ಮರುದಿನ ಅವನೇ ಮೊದಲು ಹುಟ್ಟಿದೆನೆಂದು ಹೊರಟರೆ ಆ ಚೀಲ ಇವಳ ಕೈಗೆ ಬರುತ್ತಿತ್ತು. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂರಲು ಇಬ್ಬರೂ ದೊಡ್ಡವರು. ಪಾತ್ರೆ ತೊಳೆಯುವ ಹೊತ್ತಿಗೆ ಇಬ್ಬರೂ ಚಿಕ್ಕವರು. ಒಬ್ಬರನ್ನೊಬ್ಬರು ಹೆಸರು ಹಿಡಿದು ಕರೆದದ್ದೇ ಇಲ್ಲ. ಅವನಿಗೆ ಅವಳು ತಂಗಿ, ಅವಳಿಗೆ ಅವನು ತಮ್ಮ. ಪ್ರೀತಿಗಲ್ಲ, ಚುಚ್ಚುವುದಕ್ಕೆ.

ಕಡಲಾಚೆಯಿಂದ ಫೋನು ಮಾಡಿದಾಗಲೂ ಅದೇ. ಒಮ್ಮೆ ಆ ಸ್ಮಶಾನದಿಂದಲೇ ಮಾಡಿದ್ದ; ಅವನ ದಳದವರು ಅಲ್ಲಿ ಹೂವಿಡಲು ಹೋಗಿದ್ದರು.

“ತಂಗೀ, ನೀನಿದನ್ನ ನೋಡಬೇಕು. ಕರ್ನಲ್‌ಗೂ ಅಡುಗೆಯವನಿಗೂ ಒಂದೇ ಎತ್ತರದ ಕಲ್ಲು. ಬುಡದ ಹುಲ್ಲನ್ನ ಕತ್ತರೀಲಿ ಕತ್ತರಿಸ್ತಾರೆ, ಕ್ಷೌರ ಮಾಡಿದ ಹಾಗೆ.”

“ಕಲ್ಲಿನ ಮೇಲೆ ಏನು ಬರೆದಿದಾರೋ ತಮ್ಮಾ?” ಅಂಗಡಿಯವಳ ಬುದ್ಧಿ ಎಲ್ಲಿ ಹೋಗುತ್ತದೆ.

“ಸಾಲು ಸಾಲು ವೀರರು, ಶೂರರು. ಇಲ್ಲಿನ ಭಾಷೆ ಬಲ್ಲ ಜೊತೆಗಾರ ಒಂದೊಂದಾಗಿ ಓದಿ ಹೇಳಿದ. ಒಂದು ಕಲ್ಲು ಮಾತ್ರ ಬೇರೆ. ಯಾರೋ ತಾಯಿ ಬರೆಸಿರೋದು. ‘ಚಳಿ ಇದ್ರೆ ಸ್ವೆಟರ್ ಹಾಕ್ಕೋ’ ಅಂತ.”

ಇಬ್ಬರೂ ನಕ್ಕರು. ಮೊದಲು ನಗು ನಿಲ್ಲಿಸಿದವನು ಅವನು.

“ನಡಕೊಂಡು ಹೋಗೋರೆಲ್ಲ ಅದರ ಮುಂದೆ ನಿಂತುಬಿಡ್ತಾರೆ ಕಣೇ,” ಎಂದ.

ಹಾಗಾಗಿ ವೀರ, ಶೂರ ಎಂದೆಲ್ಲ ಬರೆಸಲು ಬುಗುರಿಗೆ ಮನಸ್ಸಿರಲಿಲ್ಲ. ದಿನಗಳು ಸರಿದವು. ಬಸ್ಸಿನಲ್ಲಿ ಕೂತಿರಲಾಗದೆ ದಾರಿಯಲ್ಲೇ ಇಳಿದು ನಡೆಯುತ್ತಿದ್ದಳು. ನಡೆಯಲೂ ಆಗದೆ ಮತ್ತೊಂದು ಬಸ್ಸು ಹತ್ತುತ್ತಿದ್ದಳು. ಅಂಗಡಿಯಲ್ಲಿ ಚಹಾ ಲೋಟ ಎಲ್ಲಿಟ್ಟೆನೆಂದು ಹುಡುಕುವುದೇ ಒಂದು ಕೆಲಸವಾಯಿತು.

“ಸಹೋದರ ಅಂತ ಹಾಕಿಸಮ್ಮ,” ಎಂದರು ಮಾಲೀಕರು. “ದೊಡ್ಡೋನೂ ಆಯ್ತು, ಚಿಕ್ಕೋನೂ ಆಯ್ತು. ತಂಟೆಯೇ ಇಲ್ಲ.”

“ಸಹೋದರಾ ಅಂತ ಕೂಗಿದ್ರೆ ಅವನು ತಿರುಗಿಯೂ ನೋಡಲ್ಲ ಸರ್. ಯಾರೋ ಭಾಷಣ ಮಾಡ್ತಿದಾರೆ ಅಂದ್ಕೊಂಡು ಹೋಗ್ತಾನೆ.”

ಅದೇ ವಾರ ಔಷಧಿ ಅಂಗಡಿಯವನ ಫಲಕ ತಯಾರಾಗಬೇಕಿತ್ತು. ಹೆಸರಿನ ಕೆಳಗೆ ‘ಸದಾ ತಮ್ಮ ಸೇವೆಯಲ್ಲಿ’ ಎಂದು ಕೊರೆಯಬೇಕು. ಅವನು ಬಂದು, ಫಲಕ ಎತ್ತಿ ಬೆಳಕಿಗೆ ಹಿಡಿದು, ಕನ್ನಡಕ ಒರೆಸಿಕೊಂಡು ಮತ್ತೆ ಓದಿದ.

“ಸದಾ ಅಣ್ಣ ಸೇವೆಯಲ್ಲಿ. ಯಾರ ಅಣ್ಣನಮ್ಮ? ನನಗಿರೋರು ಇಬ್ಬರು ಅಕ್ಕಂದಿರು. ಅವರ ಸೇವೆ ಮಾಡಿಯೇ ಸಾಕಾಗಿದೆ.”

ಮಾಲೀಕರು ಬಿದ್ದು ಬಿದ್ದು ನಕ್ಕರು. ಬುಗುರಿಯ ಮುಖ ನೋಡಿದ್ದೇ ನಗು ನಿಲ್ಲಿಸಿದರು. “ನಿನ್ನ ಪದ ಸಿಕ್ಕೋವರೆಗೆ ಈ ಯಂತ್ರ ಮುಟ್ಟಬೇಡ ತಾಯಿ. ಹೋಗು, ಯಾರನ್ನ ಕೇಳಬೇಕೋ ಕೇಳ್ಕೊಂಡು ಬಾ.”

ಕೇಳುವುದಕ್ಕೆ ಇದ್ದವರು ಇಬ್ಬರೇ. ಬಾಯಿಬಿಡದ ಅಮ್ಮ ಮತ್ತು ಹೆರಿಗೆಯ ದಿನ ಆಸ್ಪತ್ರೆಯಲ್ಲಿದ್ದ ದೊಡ್ಡಮ್ಮ. ಬುಗುರಿ ದೊಡ್ಡಮ್ಮನ ಮನೆಗೆ ಹೋದಳು. ದೊಡ್ಡಮ್ಮ ಮೊಣಕಾಲಿಗೆ ಎಣ್ಣೆ ಹಚ್ಚಿಕೊಳ್ಳುತ್ತ ಕೂತಿದ್ದಳು.

“ನಾನು ಬಾಗಿಲ ಹೊರಗಿದ್ದೆ ಕಣೇ. ನರ್ಸು ಬಂದು ಎರಡು ಗಂಟು ಕೈಗಿಟ್ಟಳು. ಒಂದು ಒದೀತಿತ್ತು, ಒಂದು ಸುಮ್ಮನೆ ನನ್ನನ್ನೇ ನೋಡ್ತಿತ್ತು. ಯಾವುದು ಮೊದಲು ಅಂತ ಕೇಳೋ ಬುದ್ಧಿ ಎಲ್ಲಿತ್ತು ಆಗ? ಎರಡೂ ಉಸಿರಾಡ್ತಿವೆಯಾ ಅಂತ ಕೇಳಿದೆ, ಅಷ್ಟೇ. ನಿಮ್ಮಮ್ಮನ್ನೇ ಕೇಳು.”

“ಹುಟ್ಟಿದಾಗಿಂದ ಕೇಳ್ತಿದೀನಿ. ಅವಳು ಹೇಳಲ್ಲ.”

“ಈಗ ಹೇಳ್ತಾಳೆ,” ಎಂದು ದೊಡ್ಡಮ್ಮ ಎಣ್ಣೆ ಬಾಟಲಿಯ ಮುಚ್ಚಳ ತಿರುಗಿಸಿದಳು. “ಮುನಿಸಿಕೊಳ್ಳೋಕೆ ಈಗ ಒಬ್ಬಳೇ ತಾನೇ ಇರೋದು.”

ಮನೆಗೆ ಬಂದ ಬುಗುರಿ ಚಪ್ಪಲಿಯನ್ನೂ ಬಿಡದೆ ನೇರ ಒಳಗೆ ನಡೆದಳು. ಅಮ್ಮ ಮಂಚದ ತುಂಬ ಒಣಗಿದ ಬಟ್ಟೆ ಹರಡಿಕೊಂಡು ಮಡಚುತ್ತಿದ್ದಳು.

“ಅಮ್ಮಾ, ಇವತ್ತು ಹೇಳಲೇಬೇಕು. ಯಾರು ಮೊದಲು?”

ಅಮ್ಮ ತಲೆಯೆತ್ತಲಿಲ್ಲ. “ಅವನೂ ಹೀಗೇ ಕೇಳಿದ. ಹೊರಡೋ ದಿನ, ಬೂಟಿನ ದಾರ ಕಟ್ಕೊಳ್ತಾ.”

“ಏನಂದೆ?”

“ಹೊರಟು ನಿಂತೋನಿಗೆ ಏನನ್ನಲಿ? ನೀನೇ ದೊಡ್ಡೋನು ಕಣಪ್ಪ, ಅಂದೆ.”

“ಅದು ನಿಜಾನಾ?”

“ನಿಜ ಯಾರಿಗೆ ಗೊತ್ತೇ?” ಅಮ್ಮನ ಕೈಯಲ್ಲಿದ್ದ ದಿಂಬಿನ ಚೀಲ ನಾಲ್ಕು ಮಡಿಕೆಯಾಗಿ, ಮತ್ತೆ ಬಿಚ್ಚಿ, ಮತ್ತೆ ನಾಲ್ಕು ಮಡಿಕೆಯಾಯಿತು. “ನನಗೆ ಪ್ರಜ್ಞೆಯೇ ಇರಲಿಲ್ಲ. ಕಣ್ಣು ಬಿಟ್ಟಾಗ ಇಬ್ಬರೂ ಪಕ್ಕದಲ್ಲಿದ್ರಿ. ಹೆತ್ತೋಳಿಗೇ ಗೊತ್ತಿಲ್ಲ ಅಂದ್ರೆ ಯಾರಾದ್ರೂ ನಗ್ತಾರೆ ಅಂತ ಬಾಯಿ ಮುಚ್ಕೊಂಡಿದ್ದೆ. ಆಮೇಲಾಮೇಲೆ ನೀವು ಕಿತ್ತಾಡೋದು ನೋಡೋಕೆ ಚೆನ್ನಾಗಿತ್ತು.”

“ಅವನು ಏನಂದ?”

“ನಕ್ಕ. ‘ಅವಳಿಗೆ ಹೇಳಬೇಡಮ್ಮ, ಜಗಳವೇ ಮುಗಿದುಹೋಗುತ್ತೆ,’ ಅಂದ.”

ಬುಗುರಿ ಮತ್ತೆ ಬೀದಿಗಿಳಿದಳು. ಎಲ್ಲಿಗೆಂದು ಅವಳಿಗೇ ಗೊತ್ತಿರಲಿಲ್ಲ. ಹಾಲಿನ ಅಂಗಡಿ ದಾಟಿ, ಸೈಕಲ್ ರಿಪೇರಿಯವನನ್ನು ದಾಟಿ, ಶಾಲೆಯ ಕಾಂಪೌಂಡು ಸುತ್ತಿ, ಬಂದ ದಾರಿಯಲ್ಲೇ ಇನ್ನೊಮ್ಮೆ ನಡೆದಳು. ಸೈಕಲ್‌ನವನು ಏನಾದರೂ ಕಳೆದುಕೊಂಡಿರಾ ಎಂದು ಕೇಳಿದ. ಇಲ್ಲವೆಂದಳು.

ಚಿಕ್ಕವನಿದ್ದಾಗ ಒಂದು ಗೋಲಿ ಗೆದ್ದರೆ ಬೀದಿಗೆಲ್ಲ ಸಾರಿಕೊಂಡು ಬರುತ್ತಿದ್ದವನು ಅವನು. ಅಂಥವನು ಅಮ್ಮ ಕೊಟ್ಟ ತುರುಪು ಎಲೆಯನ್ನು ಜೇಬಿನಲ್ಲಿಟ್ಟುಕೊಂಡು ಕಡಲು ದಾಟಿದ. ಅಲ್ಲಿಂದ ಮಾಡಿದ ಅಷ್ಟೂ ಫೋನುಗಳಲ್ಲಿ, ಅವಳು “ಹೇಳೋ ತಮ್ಮಾ” ಎಂದಾಗಲೆಲ್ಲ, “ಏ ಹೋಗೇ ತಂಗಿ” ಎಂದು ಮೊದಲಿನ ಹಾಗೇ ಕಾಲೆಳೆದ. ಎಲೆಯನ್ನು ಹೊರಗೆ ತೆಗೆಯಲಿಲ್ಲ. ಆ ಎಲೆ ಖೋಟಾ ಎಂದು ಅವನಿಗೆ ಗೊತ್ತಿತ್ತೋ ಇಲ್ಲವೋ. ಯಾರನ್ನು ಕೇಳುವುದು?

ಇನ್ನೊಂದು ಯೋಚನೆ ಬಂದು ಅವಳ ನಡಿಗೆ ಮತ್ತೂ ಬಿರುಸಾಯಿತು. ಮುಂದಿನ ಹುಟ್ಟುಹಬ್ಬಕ್ಕೆ ಅವಳಿಗೆ ಒಂದು ವರ್ಷ ಹೆಚ್ಚಾಗುತ್ತದೆ, ಅವನಿಗೆ ಆಗುವುದಿಲ್ಲ. ಅದರ ಮುಂದಿನದಕ್ಕೆ ಮತ್ತೊಂದು. ಅವಳ ಕೂದಲು ಬೆಳ್ಳಗಾಗುತ್ತದೆ, ಆ ಬಿಳಿ ಕಲ್ಲಿನ ಕೆಳಗಿರುವವನು ಅದೇ ಹುಡುಗ. ಯಾವ ಚೀಲದ ವಾದವೂ ಇನ್ನು ನಡೆಯುವುದಿಲ್ಲ. ದೊಡ್ಡವಳು ಅವಳೇ. ಜೀವನಪೂರ್ತಿ ಬೇಕೆಂದು ಹಟ ಹಿಡಿದದ್ದು ಈಗ ತಾನಾಗಿ ಬಂದು ಕೈಗೆ ಬಿದ್ದಿತ್ತು. ಅದನ್ನು ಎಲ್ಲಾದರೂ ಎಸೆದು ಬರುವಂತಿದ್ದರೆ ಎನ್ನಿಸಿತು.

ಮರುದಿನ ಬೆಳಿಗ್ಗೆ ಅಂಗಡಿಯ ಮುಂದಿನ ಫುಟ್‌ಪಾತಿನಲ್ಲಿ ಅತ್ತಿಂದಿತ್ತ ಓಡಾಡುತ್ತಲೇ ಕಚೇರಿಗೆ ಫೋನು ಮಾಡಿದಳು.

“ಹೇಳಿ ಮೇಡಂ, ಬರ್ಕೊಳ್ತೀನಿ,” ಎಂದ ಗುಮಾಸ್ತ.

“ಅಣ್ಣಾ, ಗೆದ್ದೆ.”

“ಅಷ್ಟೇನಾ?”

“ಅಷ್ಟೇ.”

“ಸಾಲಿನಲ್ಲಿ ಇನ್ನೂ ಜಾಗ ಇದೆ ಮೇಡಂ.”

“ಇರಲಿ ಬಿಡಿ.”

ಪೆನ್ನು ಕಾಗದದ ಮೇಲೆ ಓಡಿದ ಸದ್ದು ಕೇಳಿಸಿತು, ಆಮೇಲೆ ನಿಂತಿತು. “ಮೇಡಂ, ಅಲ್ಲಿ ಕಲ್ಲು ಕೊರೆಯೋರಿಗೆ ನಮ್ಮ ಭಾಷೆ ಬರಲ್ಲ. ಜೊತೆಗೆ ಅರ್ಥ ಬರೆದು ಕಳಿಸ್ಬೇಕು. ಅವರ ಭಾಷೇಲಿ ಬರೀ ಗೆದ್ದೆ ಅಂತ ಹೇಳೋಕಾಗಲ್ಲ ನೋಡಿ, ಯಾರು ಅಂತ ಹೇಳಬೇಕು. ಗೆದ್ದಿದ್ದು ನೀವಾ, ಅವರಾ?”

ಬುಗುರಿ ಫುಟ್‌ಪಾತಿನ ತುದಿಗೆ ಹೋಗಿ ತಿರುಗಿದಳು. ಈ ತುದಿಗೆ ಬಂದು ಮತ್ತೆ ತಿರುಗಿದಳು.

“ಮೇಡಂ? ಲೈನಲ್ಲಿದ್ದೀರಾ?”

“ಇದ್ದೀನಿ. ಅದಿನ್ನೂ ತೀರ್ಮಾನ ಆಗಿಲ್ಲ ಸರ್.”

“ಹಾಗಂದ್ರೆ ಹೇಗೆ ಮೇಡಂ? ನಾನು ಏನಾದ್ರೂ ಒಂದು ಬರೀಲೇಬೇಕಲ್ಲ.”

“ನಿಮ್ಮ ಕಾಗದದಲ್ಲಿ ಅವನು ಅಂತ ಬರ್ಕೊಳ್ಳಿ,” ಎಂದಳು ಬುಗುರಿ. “ಕಲ್ಲಿನ ಮೇಲೆ ಮಾತ್ರ ನಾನು ಹೇಳಿದ ಹಾಗೇ ಇರಲಿ.”