ಉಪ್ಪಿಲ್ಲದ ನೀರು

ಇಪ್ಪತ್ತು ವರ್ಷ ಹೈಸ್ಕೂಲಿನ ಕರಿಹಲಗೆಯ ಮೇಲೆ ಕೀಟ ಹಿಡಿಯುವ ಗಿಡ ಡ್ರಾಸೆರಾದ ಚಿತ್ರ ಬರೆದಿದ್ದೆ. ಗಿಡವನ್ನು ಕಣ್ಣಾರೆ ಕಂಡಿರಲಿಲ್ಲ. ಹೋದ ವರ್ಷ ಹಳೆಯ ವಿದ್ಯಾರ್ಥಿನಿಯೊಬ್ಬಳು ತಾನೇ ಬೀಜ ಹಾಕಿ ಬೆಳೆಸಿದ ಒಂದನ್ನು ಚಾಮರಾಜಪೇಟೆಯ ನಮ್ಮ ಮನೆಗೆ ತಂದುಕೊಟ್ಟಳು. ಎಂಟಾಣೆ ನಾಣ್ಯದಷ್ಟು ಅಗಲ, ಅಷ್ಟೆ. ಇಷ್ಟು ಪುಟ್ಟದರ ಚಿತ್ರವನ್ನು ಹಲಗೆ ತುಂಬ ಬರೆದು ಮಕ್ಕಳ ತಲೆ ತಿಂದೆನಲ್ಲ ಎಂದು ನಾಚಿಕೆಯಾಯಿತು.

ಮಣ್ಣಿಗೆ ಅಂಟಿಕೊಂಡಂಥ ಕೆಂಪು ಎಲೆಗಳು, ಎಲೆ ತುಂಬ ಕೂದಲು, ಒಂದೊಂದು ಕೂದಲ ತುದಿಗೂ ಒಂದು ಹನಿ. ಇಬ್ಬನಿ ಎಂದುಕೊಂಡು ಸೊಳ್ಳೆ ಬಂದು ಕೂತರೆ ಅದು ಅಂಟು. ಕೂದಲುಗಳು ಬಗ್ಗಿ ಸೊಳ್ಳೆಯನ್ನು ಎಲೆಯ ನಡುವಿಗೆ ಒತ್ತಿ ಹಿಡಿಯುತ್ತವೆ. ಕೆಲವು ದಿನ ಕಳೆದರೆ ಬರೀ ಸಿಪ್ಪೆ ಉಳಿಯುತ್ತದೆ. ಇದನ್ನು ರಾಕ್ಷಸ ಗಿಡ ಎನ್ನುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಬಂಡೆಗಳ ಸಂದಿಯಲ್ಲಿ ನೀರು ಜಿನುಗುವ ಕಡೆ, ಸಾರವೇ ಇಲ್ಲದ ಮಣ್ಣಿನಲ್ಲಿ ಹುಟ್ಟುವ ಬಡಪಾಯಿ ಅದು. ಎಲ್ಲ ಗಿಡಗಳಂತೆ ತನ್ನ ಊಟವನ್ನು ಬಿಸಿಲಿನಲ್ಲಿ ತಾನೇ ಮಾಡಿಕೊಳ್ಳುತ್ತದೆ. ಸೊಳ್ಳೆ ಅದಕ್ಕೆ ಗೊಬ್ಬರವಿದ್ದಂತೆ.

ಸಾಕುವುದು ಮಾತ್ರ ಬೇರೆ ಗಿಡಗಳ ಹಾಗಲ್ಲ. ಗೊಬ್ಬರ ಹಾಕಿದರೆ ಸಾಯುತ್ತದೆ. ಕೋಕೋಪೀಟನ್ನು, ಅಂದರೆ ತೆಂಗಿನ ನಾರಿನ ಪುಡಿಯನ್ನು, ಉಪ್ಪು ಹೋಗುವವರೆಗೆ ನಾಲ್ಕೈದು ಸಲ ತೊಳೆದು ಮರಳು ಬೆರೆಸಬೇಕು. ಕುಂಡ ಸದಾ ನೀರಿನ ತಟ್ಟೆಯಲ್ಲಿ ಕೂತಿರಬೇಕು, ಆ ನೀರಿನಲ್ಲೂ ಉಪ್ಪಿನಂಶ ಇರಬಾರದು. ನಲ್ಲಿ ನೀರು ಆಗದು, ಬೋರ್‌ವೆಲ್ ನೀರಂತೂ ವಿಷವೇ. ತಾರಸಿಯಲ್ಲಿ ಪಾತ್ರೆಯಿಟ್ಟು ಮಳೆನೀರು ಹಿಡಿದು, ಬಟ್ಟೆಯಲ್ಲಿ ಸೋಸಿ, ಬಿಂದಿಗೆ ತುಂಬಿ ಅಡುಗೆಮನೆಯ ಮೂಲೆಯಲ್ಲಿಡುತ್ತಿದ್ದೆ.

ನನ್ನ ಯಜಮಾನರಿಗೆ ಕಿಡ್ನಿ ಕೈಕೊಟ್ಟು ಆಗ ಎರಡು ವರ್ಷ. ವಾರಕ್ಕೆ ಮೂರು ಸಲ ಕುಮಾರ ಪಾರ್ಕಿನ ಹತ್ತಿರ ಡಯಾಲಿಸಿಸ್. ಊಟದಲ್ಲಿ ಉಪ್ಪು ಕಡಿಮೆ. ಕಾಫಿ, ಸಾರು, ಮಜ್ಜಿಗೆ ಎಲ್ಲ ಸೇರಿ ದಿನಕ್ಕೆ ಒಂದೇ ಲೀಟರ್ ನೀರು. ಬೆಳಿಗ್ಗೆ ಅಳೆದಿಟ್ಟು ಸ್ಕೂಲಿಗೆ ಹೋಗುತ್ತಿದ್ದೆ. ಗಾಂಧಿನಗರದ ಆಫೀಸು, ಗೆಳೆಯರು ಎಂದು ದಿನವಿಡೀ ಸುತ್ತುತ್ತಿದ್ದ ಮನುಷ್ಯ ಕಿಟಕಿ ಪಕ್ಕದ ಕುರ್ಚಿಯಲ್ಲಿ ಕೂತುಬಿಟ್ಟಿದ್ದರು. ಹೊತ್ತು ಹೋಗಲಿ ಎಂದು ಅದೇ ಕಿಟಕಿಯಲ್ಲಿಟ್ಟಿದ್ದ ಗಿಡದ ತಟ್ಟೆಗೆ ದಿನಕ್ಕೆರಡು ಲೋಟ ಮಳೆನೀರು ಹಾಕುವ ಕೆಲಸ ಅವರಿಗೆ ಒಪ್ಪಿಸಿದೆ.

"ನಲ್ಲಿ ನೀರು ಯಾಕಾಗಲ್ಲ?" ಎಂದು ಕೇಳಿದರು.

ಮೇಷ್ಟ್ರುಗಿರಿ ಬಿಡಬೇಕಲ್ಲ. "ಮಳೆನೀರಲ್ಲಿ ಉಪ್ಪೇ ಇರಲ್ಲ ರೀ. ಅಷ್ಟು ಶುದ್ಧ. ಯಾವ ಜೀವಕ್ಕೂ ತೊಂದ್ರೆ ಮಾಡಲ್ಲ" ಎಂದು ಪಾಠ ಒಪ್ಪಿಸಿದ್ದೆ.

ಎರಡು ತಿಂಗಳ ಮೇಲೆ ಡಯಾಲಿಸಿಸ್ ಮಾಡುವಾತ ನನ್ನನ್ನು ಪಕ್ಕಕ್ಕೆ ಕರೆದ. "ಅಮ್ಮಾ, ಸಾರ್ ತೂಕ ಪ್ರತಿ ಸಲ ಜಾಸ್ತಿ ಬರ್ತಿದೆ. ನೀರು ಜಾಸ್ತಿ ಕುಡೀತಿದಾರೆ. ಹಿಂಗೇ ಆದ್ರೆ ಹಾರ್ಟ್ ತಡ್ಕೊಳಲ್ಲ."

"ಅಳೆದು ಕೊಡೋಳು ನಾನು. ಮೊದ್ಲು ನಿಮ್ಮ ತೂಕದ ಮೆಷಿನ್ ಸರಿಯಿದ್ಯಾ ನೋಡ್ಕೊಳಿ" ಎಂದು ಎಲ್ಲರೆದುರು ಗದರಿಸಿದೆ. ಮಂಚದ ಮೇಲಿದ್ದ ಯಜಮಾನರು ಗೋಡೆಯ ಕಡೆ ತಿರುಗಿಕೊಂಡರು. ನಾನು ಅವರ ಪರ ಜಗಳಕ್ಕೆ ನಿಂತದ್ದು ಅವರಿಗೆ ಮುಜುಗರವಾಯಿತು ಎಂದುಕೊಂಡೆ.

ಆ ಶನಿವಾರ ಸ್ಕೂಲು ಅರ್ಧ ದಿನ. ಮಧ್ಯಾಹ್ನ ಬಂದು ನೋಡಿದರೆ ಗಿಡದ ಎಲೆಯ ಮೇಲೆ ಒಂದು ಹನಿಯೂ ಇಲ್ಲ. ನೀರು ಸಾಲದಾದರೆ ಈ ಗಿಡ ಬಾಡುವ ಮೊದಲೇ ಹನಿ ಬತ್ತುತ್ತದೆ. ತಟ್ಟೆ ಒಣಗಿತ್ತು. ಆದರೂ ಬಿಂದಿಗೆಯ ನೀರು ತಳ ಮುಟ್ಟಿತ್ತು.

"ಗಿಡಕ್ಕೆ ನೀರು ಹಾಕ್ತಿಲ್ವಾ?"

ಅವರು ಕಿಟಕಿಯಾಚೆ ನೋಡಿದರು.

"ಮತ್ತೆ ಬಿಂದಿಗೆ ನೀರೆಲ್ಲ ಎಲ್ಲಿಗೆ ಹೋಯ್ತು?"

"ಅದ್ರಲ್ಲಿ ಉಪ್ಪಿಲ್ಲ ಅಂದ್ಯಲ್ಲ" ಎಂದರು ಮೆಲ್ಲಗೆ. "ಉಪ್ಪಿಲ್ಲದ ನೀರು ಏನೂ ಮಾಡಲ್ಲ ಅನ್ಕೊಂಡೆ. ಮೊದಮೊದ್ಲು ಗಿಡಕ್ಕೊಂದು ಲೋಟ, ನಂಗೊಂದು ಲೋಟ ಮಾಡ್ಕೊಂಡಿದ್ದೆ ಕಣೆ."

"ಆಮೇಲೆ?"

"ತುಂಬಾ ದಾಹ ಆಗತ್ತೆ. ನಿಂಗೆ ಗೊತ್ತಾಗಲ್ಲ."

ನನಗೆ ಮೈಯೆಲ್ಲ ಉರಿಯಿತು. ಉಪ್ಪಿರಲಿ ಬಿಡಲಿ, ನೀರು ನೀರೇ, ಅದನ್ನು ಹೊರಗೆ ಹಾಕುವ ಕಿಡ್ನಿಯೇ ನಿಮಗಿಲ್ಲ ಎಂದು ಕೂಗಾಡಿದೆ. ಪಾಠ ಹೇಳಿದವಳು ನಾನೇ ಎಂಬುದು ಗೊತ್ತಿದ್ದೇ ಕೂಗಾಡಿದೆ. ಅಡುಗೆಮನೆಗೆ ಹೋಗಿ ಬಿಂದಿಗೆ ಎತ್ತಿ, ಹಿಂದೆಯೇ ಬಂದು ನಿಂತ ಅವರ ಕಣ್ಣೆದುರೇ ಸಿಂಕಿಗೆ ಬಗ್ಗಿಸಿದೆ. ಅವರು ನನ್ನ ಮುಖ ನೋಡಲಿಲ್ಲ, ಹರಿದು ಹೋಗುವ ನೀರನ್ನೇ ನೋಡುತ್ತಿದ್ದರು. ಅವರ ಗಂಟಲು ಒಂದು ಸಲ ಮೇಲೆ ಕೆಳಗೆ ಆಡಿತು.

ನಾನು ಬಿಂದಿಗೆಯನ್ನು ನೆಟ್ಟಗೆ ಮಾಡಿದೆ. ಉಳಿದದ್ದನ್ನು ಲೋಟಕ್ಕೆ ಬಗ್ಗಿಸಿದರೆ ಮುಕ್ಕಾಲು ಲೋಟ ಆಯಿತು. "ತಗೊಳಿ. ಸಂಜೆ ಕಾಫಿ ಇಲ್ಲ, ಅದರ ಬದಲು ಇದು" ಎಂದು ಕೈಗೆ ಕೊಟ್ಟು ಅಲ್ಲೇ ನೆಲದ ಮೇಲೆ ಕೂತೆ.

ಒಂದು ಗುಟುಕು ಕುಡಿದು, "ಗಿಡಕ್ಕೆ?" ಎಂದರು.

"ಸಾಯ್ಲಿ ಬಿಡ್ರೀ. ಎಷ್ಟು ಅಂತ ನೋಡ್ಕೊಳ್ಳೋದು? ನಂಗೆ ಸಾಕಾಗಿದೆ."

ಅವರು ಗೋಡೆ ಹಿಡಿದು, ಬಾತುಕೊಂಡ ಕಾಲನ್ನು ಎಳೆಯುತ್ತ ಕಿಟಕಿಯವರೆಗೆ ಹೋಗಿ, ಲೋಟದ ನೀರನ್ನೆಲ್ಲ ತಟ್ಟೆಗೆ ಸುರಿದರು.